ಉದ್ದವಾಗುತ್ತಿದ್ದ ಹಗ್ಗ

ನನ್ನ ಭಾವನ ಬಲಗೈ ಸುಮ್ಮನಿದ್ದದ್ದನ್ನು ನಾನಂತೂ ಒಂದು ಸಲ ಬಿಟ್ಟರೆ ಕಂಡಿಲ್ಲ. ಮೆಟ್ಟಿಲಿಳಿಯುವಾಗ ಪಕ್ಕದ ಕಂಬಿಯ ಮೇಲೆ, ಬೀದಿಯಲ್ಲಿ ನಡೆಯುವಾಗ ಅಂಗಡಿಸಾಲಿನ ಗೋಡೆಗಳ ಮೇಲೆ, ಊಟಕ್ಕೆ ಕುಳಿತಾಗ ಮೇಜಿನಂಚಿನ ಮೇಲೆ, ಮಾತಾಡುತ್ತ ನಿಂತಾಗ ಎದುರಿಗಿದ್ದವರ ಅಂಗಿಯ ತೋಳಿನ ಮೇಲೆ ಸಹ ಆ ಅಂಗೈ ಮೆಲ್ಲನೆ ಹರಿದಾಡುತ್ತಲೇ ಇರುತ್ತಿತ್ತು. ಹರಿಯುತ್ತ ಹರಿಯುತ್ತ ಎಲ್ಲೋ ಒಂದೆಡೆ ಥಟ್ಟನೆ ನಿಲ್ಲುತ್ತಿತ್ತು. ನಿಂತ ಕಡೆ ಏನಾದರೊಂದು ಐಬು ಇದ್ದೇ ಇರುತ್ತಿತ್ತು. ಕಣ್ಣು ಕಂಡದ್ದನ್ನು ಕೈ ಒಪ್ಪಿಕೊಂಡ ಮೇಲೆಯೇ ಅವರ ಪಾಲಿಗೆ ಅದು ಸತ್ಯ. ಹೊಸಬರು ಇದನ್ನು ಅತಿಸಲಿಗೆಯೆಂದು ತಿಳಿದು ಹಿಂದೆ ಸರಿದದ್ದುಂಟು, ಗೊತ್ತಿದ್ದವರು ತಾವೇ ತೋಳು ಚಾಚಿ, "ನೋಡಿ ಸ್ವಲ್ಪ, ಈ ಹೊಲಿಗೆ ಇನ್ನೆಷ್ಟು ದಿನ ಬಾಳುತ್ತೆ?" ಎಂದು ಕೇಳಿದ್ದೂ ಉಂಟು.

ಅಕ್ಕನನ್ನು ಮದುವೆಯಾಗುವ ಮೊದಲು ಅವರು ನಮ್ಮ ಮನೆಗೆ ಬಂದ ಆ ಮೊದಲ ಭೇಟಿಯನ್ನು ನಮ್ಮಮ್ಮ ಕೊನೆಯತನಕ ಹೇಳಿಕೊಂಡು ನಗುತ್ತಿದ್ದಳು. ಕೈ ತೊಳೆದು ಬರುತ್ತೇನೆಂದು ಹಿತ್ತಲಿಗೆ ಹೋದ ಮನುಷ್ಯ ಎಷ್ಟು ಹೊತ್ತಾದರೂ ಬರಲಿಲ್ಲ. ಹೋಗಿ ನೋಡಿದರೆ, ಬಟ್ಟೆ ಒಣಹಾಕುವ ಹಗ್ಗವನ್ನು ಈ ಕಂಬದಿಂದ ಆ ಕಂಬದವರೆಗೆ ಅಂಗೈಯೊಳಗೆ ಹಾಯಿಸುತ್ತ, ಕಣ್ಣು ಮುಚ್ಚಿಕೊಂಡು, ಏನೋ ಆಲಿಸುವವರಂತೆ ನಿಂತಿದ್ದಾರೆ. "ಇಲ್ಲಿ ಹರಿಯುತ್ತೆ," ಎಂದರು. ಅಮ್ಮ ಹೋಗಿ ಎರಡು ಕಂಬಗಳನ್ನೂ ಅಲ್ಲಾಡಿಸಿ ನೋಡಿ, "ಕಂಬ ಗಟ್ಟಿಯಾಗೇ ಇದೆಯಲ್ಲಪ್ಪ," ಎಂದಳು. "ಕಂಬದ ವಿಷಯ ನಂಗೆ ಗೊತ್ತಿಲ್ಲಮ್ಮ, ಹಗ್ಗದ ವಿಷಯ ಹೇಳಿದೆ." ಅವರು ಅತ್ತ ಹೋದ ಮೇಲೆ, ಈ ಹುಡುಗ ನಮ್ಮ ಮಗಳ ಹತ್ತಿರ ಮಾತಾಡೋಕೆ ಬಂದಿದ್ದನೋ ಹಗ್ಗದ ಹತ್ತಿರ ಮಾತಾಡೋಕೆ ಬಂದಿದ್ದನೋ ಎಂದು ಅಮ್ಮ ಮೂಗು ಮುರಿದಳು. ಆ ವಾರದ ಒಗೆತದ ದಿನ ಹಗ್ಗ ಅದೇ ಜಾಗದಲ್ಲಿ ಹರಿದು, ಅಪ್ಪನ ಬಿಳಿ ಅಂಗಿಗಳೆಲ್ಲ ಕೆಸರಿನಲ್ಲಿ ಹೊರಳಾಡಿದವು. ಅಮ್ಮ ಅವನ್ನು ಎರಡನೆಯ ಸಲ ಒಗೆಯುತ್ತ ಒಗೆಯುತ್ತಲೇ ಮದುವೆಗೆ ಒಪ್ಪಿಗೆ ಕೊಟ್ಟುಬಿಟ್ಟಳು.

ನಡಿಗೆಯೂ ವಿಚಿತ್ರ. ಮುಖ ಸದಾ ಆಕಾಶಕ್ಕೆ, ಕಾಲು ದೇವರ ಮೇಲೆ ಭಾರ ಹಾಕಿ. ಬದುಕಿನ ಬಹುಭಾಗವನ್ನು ತಲೆಯ ಮೇಲೆ ಓಡುವ ರೋಪ್‌ವೇ ಹಗ್ಗವನ್ನು ನೋಡುತ್ತ ಕಳೆದವರಿಗೆ ನೆಲವೆಂಬುದು ಕಾಣದೆ ಊಹಿಸಿ ನಂಬುವ ಅನುಮಾನ ಪ್ರಮಾಣವಷ್ಟೇ. ಚರಂಡಿಗೆ ಬಿದ್ದದ್ದು, ನಿಂತ ಕೈಗಾಡಿಗೆ ಹಾಯ್ದದ್ದು, ಕ್ಷೌರದಂಗಡಿಯ ಗಾಜಿನ ಬಾಗಿಲನ್ನು ಬಯಲೆಂದು ಭ್ರಮಿಸಿ ಹಣೆ ಊದಿಸಿಕೊಂಡದ್ದು, ಇವೆಲ್ಲ ಊರಿನಲ್ಲಿ ಕಥೆಗಳಾಗಿ ಓಡಾಡುತ್ತಿದ್ದವು. ಚಳಿಗಾಲಕ್ಕೂ ಬೇಸಿಗೆಗೂ ಅದೇ ಒಂದು ಕೋಟು. ಮೊದಲಿಗೆ ಅದರ ಬಣ್ಣ ಯಾವುದಿತ್ತೋ ಅಕ್ಕನಿಗೂ ನೆನಪಿಲ್ಲ. ಗ್ರೀಸು ಕುಡಿದು ಕುಡಿದು ಅದು ಗೋಡೆಗೆ ಒರಗಿಸಿದರೆ ಮನುಷ್ಯನಿಲ್ಲದೆಯೂ ನಿಲ್ಲುವ ಸ್ಥಿತಿಗೆ ಬಂದಿತ್ತು. ಅದರ ಎಡಜೇಬಿನಲ್ಲಿ ಹಗ್ಗದ ದಪ್ಪ ಅಳೆಯುವ ಉಕ್ಕಿನ ಚಿಮಟ, ಬಲಜೇಬಿನಲ್ಲಿ ಹಿಡಿ ಹತ್ತಿ. ಓಡುವ ಹಗ್ಗಕ್ಕೆ ಆ ಹತ್ತಿಯನ್ನು ಸೋಕಿಸಿ ಹಿಡಿದರೆ ಎಲ್ಲಿ ತಂತಿ ತುಂಡಾಗಿದೆಯೋ ಅಲ್ಲಿ ಅದರ ನಾರು ಸಿಕ್ಕಿಕೊಳ್ಳುತ್ತದೆ. ಒಮ್ಮೆ ಅಕ್ಕ ಆ ಹತ್ತಿಯನ್ನು ತೆಗೆದು ದಿಂಬಿಗೆ ತುಂಬಿದಳೆಂದು ಎರಡು ದಿನ ಮನೆಯಲ್ಲಿ ಮಾತುಕತೆ ನಿಂತಿತ್ತಂತೆ.

ಮಾತಿಗೆ ಬಂದರೆ ಒಂದೇ ಒಂದು ಪದ: "ಯಾಕಂತೆ?" ಮಳೆ ಬಂತು ಎಂದರೆ ಯಾಕಂತೆ, ನಿಂತಿತು ಎಂದರೆ ಯಾಕಂತೆ, ಪಕ್ಕದ ಮನೆಯ ಬೆಕ್ಕು ಮರಿ ಹಾಕಿತು ಎಂದರೂ ಯಾಕಂತೆ. ಊರು ಅವರಿಗೆ ಅದನ್ನೇ ಹೆಸರಾಗಿ ಇಟ್ಟುಬಿಟ್ಟಿತ್ತು. ಅಂಚೆಯವನು ಕೂಡ "ಯಾಕಂತೆಯವರೇ, ಪಾರ್ಸೆಲ್ಲು" ಎಂದು ಕೂಗುತ್ತಿದ್ದ, ಅದಕ್ಕೂ ಅವರು ಬಾಗಿಲು ತೆರೆಯುವ ಮೊದಲು ಒಳಗಿನಿಂದ, "ಯಾಕಂತೆ?" ಎನ್ನುತ್ತಿದ್ದರು.

ಅವರ ಕಸುಬು ಉಕ್ಕಿನ ಹಗ್ಗ ಹೆಣೆಯುವುದು. ಅವರ ಊರು ಹಿಮದ ಬೆಟ್ಟವೊಂದರ ಪಾದದಲ್ಲಿದೆ. ಅಲ್ಲಿಂದ ಬೆಟ್ಟದ ನೆತ್ತಿಗೆ ಒಂದು ರೋಪ್‌ವೇ ಇತ್ತು. ಕೊನೆಮೊದಲಿಲ್ಲದ ಒಂದೇ ಹಗ್ಗ ಮೇಲಿನ ನಿಲ್ದಾಣದ ಚಕ್ರವನ್ನೂ ಕೆಳಗಿನ ನಿಲ್ದಾಣದ ಚಕ್ರವನ್ನೂ ಬಳಸಿ ಸುತ್ತುತ್ತಲೇ ಇರುತ್ತದೆ, ಜನ ಕೂತ ಡಬ್ಬಿಗಳು ಅದಕ್ಕೆ ಜೋತು ಹತ್ತುತ್ತವೆ, ಇಳಿಯುತ್ತವೆ. ಕೊನೆಮೊದಲಿಲ್ಲದ ಹಗ್ಗ ಕಾರ್ಖಾನೆಯಿಂದ ಬರುವುದಿಲ್ಲವಷ್ಟೆ. ಬರುವುದು ಎರಡು ತುದಿಗಳಿರುವ ಹಗ್ಗ. ಆ ಎರಡು ತುದಿಗಳ ಎಳೆಗಳನ್ನು ಬಹುದೂರದವರೆಗೆ ಬಿಚ್ಚಿ, ಒಂದರೊಳಗೊಂದನ್ನು ಸೇರಿಸಿ, ಗಂಟಿಲ್ಲದಂತೆ, ಉಬ್ಬಿಲ್ಲದಂತೆ ಹೆಣೆದು ಒಂದಾಗಿಸುವುದು ಭಾವನ ವಿದ್ಯೆ, ಮತ್ತು ಮುಚ್ಚಿಡುವುದೇಕೆ, ಭಾವನ ಅಹಂಕಾರ. ವಿನಯವೆಂಬ ಗುಣ ಆ ಕೋಟಿನ ಯಾವ ಜೇಬಿನಲ್ಲೂ ಇರಲಿಲ್ಲ. ಊರಿಗೆ ಬಂದ ಅತಿಥಿಗಳನ್ನೆಲ್ಲ ಕೆಳಗಿನ ನಿಲ್ದಾಣಕ್ಕೆ ಎಳೆದೊಯ್ದು, ಹಗ್ಗ ನಿಲ್ಲಿಸಿ, "ಹೆಣಿಗೆ ಇಲ್ಲೇ ಎಲ್ಲೋ ಇದೆ, ಹುಡುಕು ನೋಡೋಣ," ಎಂದು ಸವಾಲು ಹಾಕುತ್ತಿದ್ದರು. ನಾನೂ ಒಮ್ಮೆ ತಡವಿ ತಡವಿ ಸೋತವನೇ. "ಏನಯ್ಯಾ ಸಾಹಿತಿ, ಸಮಾಸ ಬಿಡಿಸ್ತೀಯ, ಇದನ್ನ ಬಿಡಿಸೋಕೆ ಆಗಲಿಲ್ವಾ?" ಎಂದು ಬೆನ್ನ ಮೇಲೆ ಗುದ್ದಿದರು. ಗುದ್ದಿದ ಮೇಲೆ ನನ್ನ ಕೋಟಿನ ಹೊಲಿಗೆಯನ್ನೂ ಒಮ್ಮೆ ಸವರಿ ನೋಡಿದರು.

ಬೆಟ್ಟ ಬದಲಾಗುತ್ತಿದೆ ಎಂಬ ಸಂಗತಿ ಆ ಊರಿನಲ್ಲಿ ಎಲ್ಲರಿಗೂ ಗೊತ್ತಿತ್ತು, ಯಾರಿಗೂ ಅದು ದೊಡ್ಡ ಸಂಗತಿಯಾಗಿರಲಿಲ್ಲ. ನಮ್ಮ ನಮ್ಮ ಮುಖ ಬದಲಾಗುವುದು ಕನ್ನಡಿಯಲ್ಲಿ ನಮಗೆ ತಿಳಿಯುತ್ತದೆಯೇ? ಭಾವ ಮಾತ್ರ ಇಳಿದುಬರುವ ಪ್ರಯಾಣಿಕರನ್ನು ತಡೆದು ವಿಚಾರಣೆ ನಡೆಸುತ್ತಿದ್ದರು. "ಮೇಲೆ ನೊಣ ಇತ್ತಾ?" ಹಿಮಶಿಖರದ ಭವ್ಯತೆಯಿಂದ ಇನ್ನೂ ಕಣ್ಣು ತುಂಬಿಕೊಂಡಿದ್ದ ನವದಂಪತಿಗಳು ಈ ಪ್ರಶ್ನೆಗೆ ಏನು ಉತ್ತರ ಕೊಟ್ಟಾರು? ಆದರೆ ನೊಣ ಇತ್ತು. ಮೊದಲು ಆ ಎತ್ತರಕ್ಕೆ ನೊಣ ಏರುತ್ತಿರಲಿಲ್ಲ. ಮೇಲಿನ ನಿಲ್ದಾಣದ ಹೊಸ್ತಿಲ ಬಿರುಕಿನಲ್ಲಿ ಒಂದು ಹಳದಿ ಹೂವು ಅರಳಿದಾಗ ಭಾವ ಅದರ ಸುತ್ತ ಕಲ್ಲುಗಳ ಬೇಲಿ ಕಟ್ಟಿ, ಬಂದವರಿಗೆಲ್ಲ ತೋರಿಸಿ, "ಇದಕ್ಕೆ ಇಲ್ಲಿಗೆ ಬಾ ಅಂದವರು ಯಾರಂತೆ?" ಎಂದು ಕೇಳಿದರು. ಡಬ್ಬಿಗಳ ಕೆಳಗೆ ಹಬ್ಬಿದ್ದ ಹಿಮದ ಹಾಸು ವರ್ಷ ವರ್ಷಕ್ಕೂ ಹಿಂದೆ ಸರಿದು ಬೂದುಬಣ್ಣದ ಕಲ್ಲು ತೋರಿಸುತ್ತಿತ್ತು. ಹಾಗೆ ಸರಿಯುತ್ತ ಒಂದು ಬೇಸಿಗೆಯಲ್ಲಿ ಅದು, ರೋಪ್‌ವೇ ಕಟ್ಟಿದ ಕಾಲದ ಯಾವನೋ ಕೆಲಸಗಾರನ ತಗಡಿನ ಊಟದ ಡಬ್ಬಿಯನ್ನು ಹೊರಗೆ ಬಿಟ್ಟುಕೊಟ್ಟಿತು. ಭಾವ ಅದನ್ನು ತಂದು ಮನೆಯ ಕಿಟಕಿಯಲ್ಲಿಟ್ಟು ದಿನಗಟ್ಟಲೆ ನೋಡಿದರು. ಇಷ್ಟು ಕಾಲ ಜೋಪಾನವಾಗಿ ಇಟ್ಟುಕೊಂಡ ಹಿಮ ಈಗ ಯಾಕೆ ವಾಪಸು ಕೊಟ್ಟಿತು ಎಂಬುದು ಅವರ ಸಮಸ್ಯೆ. "ಡಬ್ಬಿ ತೊಳೆದಾದರೂ ಇಡಿ," ಎಂಬುದು ಅಕ್ಕನ ಸಮಸ್ಯೆ.

ಅಕ್ಕನ ಬಗ್ಗೆ ಎರಡು ಮಾತು ಹೇಳದೆ ಮುಂದೆ ಹೋಗುವಂತಿಲ್ಲ. ಮೇಲಿನ ನಿಲ್ದಾಣದಲ್ಲಿ ಟೀ ಅಂಗಡಿ ಅವಳದು. ಬೆಳಗಿನ ಮೊದಲ ಡಬ್ಬಿಯಲ್ಲಿ ಹಾಲಿನ ಕ್ಯಾನುಗಳ ಜೊತೆ ಹತ್ತಿ, ಸಂಜೆಯ ಕೊನೆಯ ಡಬ್ಬಿಯಲ್ಲಿ ಖಾಲಿ ಕ್ಯಾನುಗಳ ಜೊತೆ ಇಳಿಯುವವಳು. ಕಣಿವೆಯ ಕಡೆಯ ಕಿಟಕಿಯ ಪಕ್ಕ ಅವಳ ಉದ್ದನೆಯ ಮರದ ಮೇಜು. ಆ ಮೇಜು ವಾಲುತ್ತದೆ ಎಂಬುದು ಅವಳ ಹಳೆಯ ದೂರು. ತುಂಬಿದ ಲೋಟ ಇಟ್ಟರೆ ಕಿಟಕಿಯ ಕಡೆಗೆ ತುಳುಕುತ್ತದೆ. ಕಾಲಿನ ಕೆಳಗೆ ರಟ್ಟು ಮಡಚಿ ಇಟ್ಟರೆ ಸರಿಹೋಗುತ್ತದೆ. ಮುಂದಿನ ಬೇಸಿಗೆಗೆ ಮತ್ತೆ ಅದೇ ಪಾಡು. ಭಾವ ಒಮ್ಮೆ ಆ ಮೇಜಿನ ಕಾಲನ್ನು ಹೆರೆದು ಕೊಟ್ಟಿದ್ದರು, ಇನ್ನೊಮ್ಮೆ ಹೊಸ ಕಾಲು ಹಾಕಿಸಿ ಕೊಟ್ಟಿದ್ದರು, ಮೂರನೆಯ ಸಲ ರೇಗಿ, "ನಿನ್ನ ಮೇಜಿನ ರಾಮಾಯಣ ಕಟ್ಟಿಡು ಮಾರಾಯ್ತಿ," ಎಂದಿದ್ದರು.

ಇಷ್ಟರಲ್ಲಿ ಅವರ ತಲೆಯ ಮೇಲೆ ಬಂದಿದ್ದ ಸಂಕಟವೇ ಬೇರೆ. ರೋಪ್‌ವೇ ಹಗ್ಗ ಬಿಗಿಯಾಗಿರಲೆಂದು ಕೆಳಗಿನ ನಿಲ್ದಾಣದ ಚಕ್ರವನ್ನು ಹಿಂದಕ್ಕೆ ಜಗ್ಗಿ ಹಿಡಿಯುವ ಒಂದು ಕಾಂಕ್ರೀಟಿನ ಭಾರವನ್ನು ಆಳವಾದ ಗುಂಡಿಯಲ್ಲಿ ತೂಗುಬಿಟ್ಟಿರುತ್ತಾರೆ. ಕೆಲಸಗಾರರು ಅದಕ್ಕೆ ಅಜ್ಜಿ ಎಂದು ಹೆಸರಿಟ್ಟಿದ್ದರು. ಹಗ್ಗ ಉದ್ದವಾದಷ್ಟೂ ಅಜ್ಜಿ ಗುಂಡಿಯಲ್ಲಿ ಕೆಳಗಿಳಿಯುತ್ತಾಳೆ. ತಳ ಮುಟ್ಟಿ ಕೂತುಬಿಟ್ಟರೆ ಹಗ್ಗ ಸಡಿಲ, ಡಬ್ಬಿ ನಿಲ್ಲಬೇಕು. ಹೊಸ ಹಗ್ಗ ಮೊದಲ ವರ್ಷ ಸ್ವಲ್ಪ ಹಿಗ್ಗುವುದು ಸಹಜ, ಆಗೊಮ್ಮೆ ತುಂಡು ಕತ್ತರಿಸಿ ಹೆಣೆದರೆ ಆಮೇಲೆ ಅದರ ಆಯುಷ್ಯ ಮುಗಿಯುವ ತನಕ ತಂಟೆಯಿಲ್ಲ. ಈ ಹಗ್ಗದ ವಿಷಯದಲ್ಲಿ ಹಾಗಾಗಲಿಲ್ಲ. ಭಾವ ಕತ್ತರಿಸಿ ಹೆಣೆದರು. ಅಜ್ಜಿ ಮತ್ತೆ ಇಳಿದಳು. ಮತ್ತೆ ಕತ್ತರಿಸಿ ಹೆಣೆದರು. ಬೇಸಿಗೆ ಬಂದೊಡನೆ ಅಜ್ಜಿ ಮತ್ತೆ ಇಳಿದಳು. ಹಗ್ಗ ಮಾಡಿದ ಕಾರ್ಖಾನೆಗೆ ಫೋನು ಮಾಡಿ, "ಹಗ್ಗ ಕಳಿಸಿದ್ದೀರೋ ರಬ್ಬರು ಕಳಿಸಿದ್ದೀರೋ?" ಎಂದು ಅಬ್ಬರಿಸಿದರು. ಕಾರ್ಖಾನೆಯವನು ಬಂದ, ಹಗ್ಗವನ್ನು ಅಳೆದ, ತೂಗಿದ, ಹೋಗುವಾಗ ವ್ಯವಸ್ಥಾಪಕರಿಗೆ ಮೆಲ್ಲಗೆ ಒಂದು ಮಾತು ಹೇಳಿ ಹೋದ: ಹಗ್ಗದಲ್ಲಿ ದೋಷವಿಲ್ಲ, ನಿಮ್ಮ ಹೆಣಿಗೆ ಜಾರುತ್ತಿರಬೇಕು.

ಹೆಣಿಗೆ ಜಾರುವುದೆಂದರೆ ಸಣ್ಣ ಮಾತಲ್ಲ. ಜಾರುತ್ತ ಜಾರುತ್ತ ಒಂದು ದಿನ ಬಿಚ್ಚಿಕೊಂಡರೆ ಜನ ಕೂತ ಡಬ್ಬಿಗಳು ಬಂಡೆಗಳ ಮೇಲೆ. ವ್ಯವಸ್ಥಾಪಕರು ಕೆಟ್ಟವರೇನಲ್ಲ, ಭಾವನನ್ನು ಕರೆಸಿ, ಕೂರಿಸಿ, ಮುಖ ನೋಡಲಾಗದೆ ಮೇಜಿನ ಮೇಲಿನ ಪೆನ್ನನ್ನು ನೋಡುತ್ತ, "ವಯಸ್ಸಾಗುತ್ತೆ, ಎಲ್ಲರಿಗೂ ಆಗುತ್ತೆ. ಈ ಬೇಸಿಗೆ ಮುಗಿದ ಮೇಲೆ ಬೇರೆ ಕಡೆಯಿಂದ ಒಬ್ಬರನ್ನ ಕರೆಸ್ತೀವಿ. ಅಲ್ಲಿತನಕ ನೀವು ಹಗ್ಗ ಕತ್ತರಿಸೋದು ಬೇಡ," ಎಂದರು. ಸಂಜೆಯ ಹೊತ್ತಿಗೆ ಊರಿಗೆಲ್ಲ ಸುದ್ದಿ. ಯಾಕಂತೆಯ ಕೈ ಸಡಿಲಾಯಿತಂತೆ! ಕ್ಷೌರದಂಗಡಿಯಲ್ಲಿ ತೋಳು ಚಾಚಿ ಹೊಲಿಗೆ ತೋರಿಸುತ್ತಿದ್ದವರು ಈಗ ಅವರು ಹತ್ತಿರ ಬಂದರೆ ತೋಳು ಒಳಗೆಳೆದುಕೊಂಡರು. ಇದನ್ನು ಅಕ್ಕ ನನಗೆ ಫೋನಿನಲ್ಲಿ ಹೇಳುತ್ತ ಅತ್ತುಬಿಟ್ಟಳು. ಅಕ್ಕ ಅಳುವವಳಲ್ಲ. ನಾನು ರಜೆ ಹಾಕಿ ಹೊರಟೆ.

ಹೋಗಿ ನೋಡಿದರೆ ಭಾವ ಸೊರಗಿಹೋಗಿದ್ದರು. ಅದಕ್ಕಿಂತ ನನ್ನನ್ನು ಕಂಗೆಡಿಸಿದ್ದು ಅವರ ಬಲಗೈ. ಊಟದ ಮೇಜಿನ ಮೇಲೆ ಅದು ಅಂಗಾತ ಬಿದ್ದಿತ್ತು, ಅಲುಗದೆ. ಅದನ್ನು ತಾವೇ ಯಾರದೋ ವಸ್ತುವನ್ನು ನೋಡುವಂತೆ ನೋಡುತ್ತ, "ಸಾಹಿತಿ, ಇದು ನಂಗೆ ಸುಳ್ಳು ಹೇಳ್ತಾ ಇದೆಯಾ?" ಎಂದು ಕೇಳಿದರು.

ಆದರೂ ಅವರು ಸುಮ್ಮನೆ ಕೂತಿರಲಿಲ್ಲವೆಂಬುದು ಮರುದಿನ ತಿಳಿಯಿತು. ಹೆಣಿಗೆಯ ಪ್ರತಿಯೊಂದು ಎಳೆಯೂ ಒಳಸೇರುವ ಕಡೆ ಕೆಂಪು ಬಣ್ಣದ ಗೆರೆ ಹಾಕಿದ್ದರು. ಎಳೆ ಜಾರಿದರೆ ಗೆರೆ ಒಡೆದು ಎರಡಾಗಬೇಕು. ಅಜ್ಜಿ ಇಳಿದಿದ್ದಳು, ಗೆರೆ ಒಡೆದಿರಲಿಲ್ಲ. ಹಗ್ಗವೇ ಹಿಗ್ಗುತ್ತಿದ್ದರೆ ಅದು ತೆಳ್ಳಗಾಗಬೇಕು. "ಹಿಟ್ಟಿನ ಉಂಡೆ ಎಳೆದ್ರೆ ಸಣ್ಣಗಾಗಲ್ವೇನಯ್ಯ? ಇದು ಆಗಿಲ್ಲ!" ಎಂದು ಚಿಮಟವನ್ನು ನನ್ನ ಮೂಗಿನ ಹತ್ತಿರ ಹಿಡಿದರು. ಹೆಣಿಗೆ ಜಾರಿಲ್ಲ, ಹಗ್ಗ ಹಿಗ್ಗಿಲ್ಲ, ಆದರೂ ಹಗ್ಗ ಉದ್ದವಾಗಿದೆ. ಇದನ್ನು ಹೇಳುವಾಗ ಅವರ ಕಣ್ಣಿನಲ್ಲಿ, ಆ ಅವಮಾನದ ನಡುವೆಯೂ, ಒಂದು ಹೊಳಪು ಕಂಡು ನನಗೆ ಸ್ವಲ್ಪ ಸಮಾಧಾನವಾಯಿತು. ಮಾನ ಹೋಗುತ್ತಿರುವಾಗಲೂ ಒಗಟಿನ ರುಚಿ ಹತ್ತಿದ ಮನುಷ್ಯ ಪೂರ್ತಿ ಸೋತಿರಲಾರ.

ಆ ದಿನ ಮಧ್ಯಾಹ್ನ ನನ್ನನ್ನು ಕರೆದುಕೊಂಡು ಮೇಲಿನ ನಿಲ್ದಾಣಕ್ಕೆ ಹೋದರು, ಚಕ್ರದ ಬುಡ ಇನ್ನೊಮ್ಮೆ ನೋಡಲು. ಅಲ್ಲಿ ಬಂಡೆಗೆ ಬಡಿದ ದೊಡ್ಡ ಬೋಲ್ಟು ಒಂದಿತ್ತು. ರೋಪ್‌ವೇ ಕಟ್ಟಿದವರು ಅದನ್ನು ಆದಿಬಿಂದುವೆಂದು ಇಟ್ಟುಕೊಂಡು ಎಲ್ಲ ಅಳತೆಗಳನ್ನೂ ಅದರಿಂದಲೇ ತೆಗೆದಿದ್ದರು, ಅವರ ನಂತರ ಬಂದವರೂ ಹಾಗೆಯೇ, ಭಾವನೂ ಹಾಗೆಯೇ. ಅಳೆದರು. ಚಕ್ರ ಬೋಲ್ಟಿನಿಂದ ಎಷ್ಟು ದೂರವಿರಬೇಕೋ ಅಷ್ಟೇ ದೂರದಲ್ಲಿತ್ತು. ಜೋಲುಮುಖ ಹಾಕಿಕೊಂಡು ಬಂದು ಅಕ್ಕನ ಮೇಜಿನ ಮುಂದೆ ಕೂತರು. ಅಕ್ಕ ಇಬ್ಬರಿಗೂ ಟೀ ಇಟ್ಟಳು. ತುಂಬ ತುಂಬ ಇಟ್ಟಿದ್ದಳು, ಪ್ರೀತಿಗೋ ಕನಿಕರಕ್ಕೋ. ಲೋಟ ಕಿಟಕಿಯ ಕಡೆಗೆ ತುಳುಕಿ ಭಾವನ ಕೋಟಿನ ಮೇಲೆ ಸುರಿಯಿತು.

"ಅಯ್ಯೋ, ಇರಿ," ಎಂದು ಅಕ್ಕ ಬಗ್ಗಿ ಮೇಜಿನ ಕಾಲಿನ ಕೆಳಗೆ ಇನ್ನೊಂದು ರಟ್ಟು ತುರುಕತೊಡಗಿದಳು.

ಭಾವ ಕೋಟು ಒರೆಸಿಕೊಳ್ಳುವುದನ್ನು ನಿಲ್ಲಿಸಿದರು. ಬಾಯಿ ಅಭ್ಯಾಸಬಲದಿಂದ ಆಡಿತೋ ಬುದ್ಧಿಯೇ ಆಡಿಸಿತೋ, "ಯಾಕಂತೆ?" ಎಂದರು.

ಅಕ್ಕ ಎದ್ದು ನಿಂತಳು. ಸೊಂಟದ ಮೇಲೆ ಕೈ. "ಯಾಕಂತೆ ಅಂತೆ! ಊರವರ ಬೆಕ್ಕಿಗೆ ಕೇಳಿದ್ರಿ, ನೊಣಕ್ಕೆ ಕೇಳಿದ್ರಿ, ಸತ್ತವನ ಊಟದ ಡಬ್ಬಿಗೆ ಕೇಳಿದ್ರಿ. ನಾನು ವರ್ಷಾನುಗಟ್ಟಲೆ ಬಾಯಿ ಬಡ್ಕೊಂಡೆ, ಒಂದು ದಿನ ಕೇಳಿದ್ರಾ ಇದನ್ನ? ಹೆರೆದ್ರಿ, ಕಾಲು ಹಾಕಿಸಿದ್ರಿ, ರೇಗಿದ್ರಿ. ಕೇಳಲಿಲ್ಲ!"

ಭಾವ ಮೊಣಕಾಲೂರಿ ಮೇಜಿನ ಕೆಳಗೆ ನುಗ್ಗಿ ರಟ್ಟುಗಳ ಕಟ್ಟನ್ನು ಹೊರಗೆ ತೆಗೆದರು. ತೀರ ಕೆಳಗಿನದು ಈಗ ಎಲ್ಲೂ ಸಿಗದ ಒಂದು ಬಿಸ್ಕತ್ತಿನ ಪೊಟ್ಟಣದ್ದು, ಬಣ್ಣ ಪೂರ್ತಿ ಮಾಸಿದ್ದು. ಅದರ ಮೇಲೆ ಟೀಪುಡಿಯ ಪೆಟ್ಟಿಗೆಯದು. ಅದರ ಮೇಲೆ ಸಾಬೂನಿನದು. ಮೇಲಕ್ಕೆ ಬಂದಂತೆ ಹೊಸದು, ಹೊಸದು. ಬೇಸಿಗೆಗೊಂದು. ಎಲ್ಲವೂ ಕಣಿವೆಯ ಕಡೆಯ ಕಾಲಿಗೇ. ಅವರು ರಟ್ಟುಗಳನ್ನು ಪಕ್ಕಕ್ಕಿಟ್ಟು ನೆಲದ ಮೇಲೆ ಬೋರಲು ಮಲಗಿ ಬಲ ಅಂಗೈಯನ್ನು ಹಾಸುಗಲ್ಲಿನ ಮೇಲೆ ಹರಿಯಬಿಟ್ಟರು. ಎಷ್ಟೋ ದಿನಗಳ ಮೇಲೆ ಆ ಕೈ ಓಡಾಡುವುದನ್ನು ಕಂಡು ನಾನೂ ಅಕ್ಕನೂ ಅವರ ಪಕ್ಕ ಕುಕ್ಕರಿಸಿದೆವು. ಟೀ ಕುಡಿಯಲು ಬಂದಿದ್ದ ಪ್ರವಾಸಿಗಳು ಕುರ್ಚಿಯಿಂದ ಎದ್ದು ನೋಡಿದರು. ಗೋಡೆಯ ಬುಡದಲ್ಲಿ, ಕಿಟಕಿಯ ಕೆಳಗೆ, ಕೈ ಥಟ್ಟನೆ ನಿಂತಿತು. ಕೂದಲೆಳೆಯಂಥ ಬಿರುಕು, ಕಣ್ಣಿಗೆ ಕಾಣದ್ದು, ಬೆರಳಿಗೆ ಸಿಕ್ಕಿದ್ದು.

"ಮೇಜು ಸರಿಯಾಗೇ ಇದೆ ಕಣೇ," ಎಂದರು ನೆಲದಿಂದಲೇ. "ನೆಲ ವಾಲ್ತಿದೆ."

"ನಮ್ಮಮ್ಮ ಹಗ್ಗ ಜೋತುಬಿದ್ರೆ ಮೊದಲು ಕಂಬ ನೋಡ್ತಿದ್ಲು," ಎಂದಳು ಅಕ್ಕ, ಕೋಪ ಇನ್ನೂ ಆರಿರಲಿಲ್ಲ.

ಭಾವ ಎದ್ದು ಕೂತರು. ಕೂತವರು ನಗತೊಡಗಿದರು. ಮೊದಲು ಸಣ್ಣಗೆ, ಆಮೇಲೆ ಮೈಯೆಲ್ಲ ಅಲುಗುವಂತೆ. "ಹಗ್ಗ ಉದ್ದ ಆಗಿಲ್ಲ ಸಾಹಿತಿ! ಬೆಟ್ಟ ಹತ್ತಿರ ಬಂದಿದೆ. ನಿಲ್ದಾಣ, ಚಕ್ರ, ಬೋಲ್ಟು, ನಿಮ್ಮಕ್ಕ, ಮೇಜು, ಎಲ್ಲಾ ಒಟ್ಟಿಗೆ ಕೆಳಗೆ ಸರೀತಿದೆ. ನಾನು ಅದೇ ಬೋಲ್ಟಿಂದ ಅಳೀತಾ ಕೂತಿದ್ದೆ, ದಡ್ಡ ಮುಂಡೇಗಂಡ!"

ನನಗೆ ಆದದ್ದು ಶುದ್ಧ ಸಂತೋಷ. "ಹಾಗಾದ್ರೆ ಭಾವ, ನಿಮ್ಮ ಹೆಣಿಗೆದು ಏನೂ ತಪ್ಪಿಲ್ಲ!" ಎಂದು ಕೂಗಿಯೇಬಿಟ್ಟೆ. ಅವರ ನಗು ಅಲ್ಲಿಗೆ ನಿಂತಿತು. ಕಿಟಕಿಯಾಚೆ, ಕಣಿವೆಯ ಕೆಳಗೆ, ಬೆಂಕಿಪೊಟ್ಟಣಗಳಂತೆ ಕಾಣುವ ಊರಿನ ವಸತಿಗೃಹಗಳು, ಅಂಗಡಿಗಳು. ಅವೆಲ್ಲ ಈ ಹಗ್ಗದಿಂದಲೇ ಉಣ್ಣುವವು. ಮೂವತ್ತು ಚಿಲ್ಲರೆ ವರ್ಷ ಅವರೂ ಉಂಡದ್ದು ಇದರಿಂದಲೇ, ಅಕ್ಕನೂ.

"ಅದೇ ಕಣಯ್ಯ ಕಷ್ಟ," ಎಂದರು. "ನನ್ನ ತಪ್ಪಾಗಿದ್ರೆ ನನ್ನನ್ನ ಮನೆಗೆ ಕಳಿಸಿದ್ರೆ ಸಾಕಿತ್ತು. ಬೆಟ್ಟಾನ ಯಾರು ಮನೆಗೆ ಕಳಿಸ್ತಾರೆ?"

ಹೇಳದೇ ಇರಬಹುದಿತ್ತು. ವಯಸ್ಸಾದ ಕೈಯ ಅಪವಾದವನ್ನು ನುಂಗಿಕೊಂಡು ಮನೆಯಲ್ಲಿ ಕೂತಿದ್ದರೆ, ಹೊಸ ಹೆಣೆಯುವವನು ಬಂದು ಹಗ್ಗವನ್ನು ಇನ್ನಷ್ಟು ಮೋಟು ಮಾಡುತ್ತಿದ್ದ, ರೋಪ್‌ವೇ ಇನ್ನೂ ಕೆಲವು ಕಾಲ ಓಡುತ್ತಿತ್ತು. ಆ ಯೋಚನೆ ನನ್ನ ತಲೆಯಲ್ಲಂತೂ ಹಾದುಹೋಯಿತು. ಅವರ ತಲೆಯಲ್ಲಿ ಹಾಯಿತೋ ಇಲ್ಲವೋ ಕಾಣೆ. ಅವರು ಅಕ್ಕನ ಮುಖ ನೋಡಿದರು. ಅಕ್ಕ ಒಲೆ ಆರಿಸಿದಳು. ಭಾವ ಎದ್ದು ಕೆಳಗಿನ ನಿಲ್ದಾಣಕ್ಕೆ ಫೋನು ಮಾಡಿದರು. "ಕೆಳಗಿಂದ ಯಾರನ್ನೂ ಹತ್ತಿಸ್ಬೇಡಿ. ಮೇಲಿರೋರನ್ನ ನಿಧಾನಕ್ಕೆ ಇಳಿಸ್ತೀನಿ. ಯಾಕೆ ಅಂತ ಆಮೇಲೆ ಹೇಳ್ತೀನಿ." ಆ ಮನುಷ್ಯನ ಬಾಯಲ್ಲಿ "ಯಾಕೆ" ಎಂಬುದು ಉತ್ತರದ ಭರವಸೆಯ ಜೊತೆ ಬಂದದ್ದನ್ನು ನಾನು ಕೇಳಿದ್ದು ಅದೇ ಮೊದಲು. ಪ್ರವಾಸಿಗಳನ್ನೆಲ್ಲ ಸ್ವಲ್ಪ ಸ್ವಲ್ಪ ಜನರಾಗಿ ಇಳಿಸಿದ ಮೇಲೆ ಕೊನೆಯ ಡಬ್ಬಿಯಲ್ಲಿ ನಾವು ಮೂವರೂ ಖಾಲಿ ಕ್ಯಾನುಗಳೂ.

ಸುರಕ್ಷತಾ ಕಚೇರಿಯಿಂದ ಒಬ್ಬ ಎಂಜಿನಿಯರ್ ಹೆಣ್ಣುಮಗಳು ಬಂದಳು, ಮಿತಭಾಷಿ, ಚುರುಕುಗಣ್ಣಿನವಳು. ಕಣಿವೆಯಾಚೆಯ ಬೇರೊಂದು ಬೆಟ್ಟದ ಮೇಲೆ ಯಂತ್ರ ಹೂಡಿ, ಅಲ್ಲಿಂದ ಈ ನೆತ್ತಿಯನ್ನು ಬಗೆಬಗೆಯಾಗಿ ಅಳೆದು ನೋಡಿದಳು. ಭಾವ ಹೇಳಿದ್ದು ನಿಜವಾಗಿತ್ತು. ಅಷ್ಟೆತ್ತರದಲ್ಲಿ ಬೆಟ್ಟವೆಂದರೆ ಒಂದೇ ಬಂಡೆಯಲ್ಲವಂತೆ. ಬಿರುಕುಬಿಟ್ಟ ಬಂಡೆಗಳ ರಾಶಿ, ಬಿರುಕುಗಳಲ್ಲಿ ಯುಗಗಳಿಂದ ಕರಗದೆ ಕೂತ ಮಂಜುಗಡ್ಡೆಯೇ ಅದರ ಗಾರೆ. ಈಚಿನ ಬೇಸಿಗೆಗಳ ಕಾವು ಒಳಗೊಳಗೆ ಇಳಿದು ಆ ಗಾರೆಯನ್ನು ಮೆತ್ತಗೆ ಮಾಡುತ್ತಿದೆ. "ಹೊರಗಿನ ಹಿಮ ಕರಗೋದು ಎಲ್ರಿಗೂ ಕಾಣುತ್ತೆ. ಒಳಗಿಂದು ಕಾಣಲ್ಲ," ಎಂದಳು. ಇಬ್ಬರೂ ಅಕ್ಕನ ಅಡುಗೆಮನೆಯಲ್ಲಿ ಕೂತು, ನೊಣದಿಂದ ಹಳದಿ ಹೂವಿನವರೆಗೆ, ಹೂವಿನಿಂದ ಊಟದ ಡಬ್ಬಿಯವರೆಗೆ ಒಬ್ಬರನ್ನೊಬ್ಬರು ಕೇಳಿದ್ದೇ ಕೇಳಿದ್ದು. ಅವಳೂ "ಯಾಕಿರಬಹುದು?" ಎನ್ನುವ ಜಾತಿಯವಳೇ. ಹೊರಡುವಾಗ, ನೆಲ ಬೇಸಿಗೆಬೇಸಿಗೆಗೆ ಎಷ್ಟೆಷ್ಟು ವಾಲಿತೆಂಬ ಲೆಕ್ಕ ಹಿಡಿದಿಟ್ಟಿದ್ದ ಆ ರಟ್ಟುಗಳ ಕಟ್ಟನ್ನು ತನಗೆ ಕೊಡುವಿರಾ ಎಂದು ಅಕ್ಕನನ್ನು ಕೇಳಿದಳು. ಅಕ್ಕ, "ಅದ್ಯಾಕಮ್ಮ ಆ ಕಸ?" ಎಂದು ಹೇಳುತ್ತ ಒಂದು ಚೀಲದಲ್ಲಿ ಹಾಕಿ, ಸಂಭ್ರಮದಿಂದಲೇ ಕೊಟ್ಟಳು.

ರೋಪ್‌ವೇ ನಿಂತಿತು. ಊರು ಭಾವನನ್ನು ಕ್ಷಮಿಸಿತೆಂದರೆ ಸುಳ್ಳಾದೀತು. ವಸತಿಗೃಹದ ಯಜಮಾನರೊಬ್ಬರು ನಡುಬೀದಿಯಲ್ಲಿ ತಡೆದು, "ಬಾಯಿ ಮುಚ್ಕೊಂಡು ಇದ್ದಿದ್ರೆ ನಿಮ್ಮ ಗಂಟೇನು ಹೋಗ್ತಿತ್ತು?" ಎಂದು ಕೇಳಿದರು. ಮೇಲಿನ ನಿಲ್ದಾಣ ಬೀಳಲಿಲ್ಲ, ಇವತ್ತಿಗೂ ನಿಂತಿದೆ. ಅದನ್ನು ಬೆರಳು ಮಾಡಿ ತೋರಿಸಿ ಹಂಗಿಸುವವರಿಗೆ ಭಾವನ ಉತ್ತರ ಒಂದೇ: "ನಿಂತಿದೆ. ಯಾಕೆ ನಿಂತಿದೆ ಅಂತ ನಂಗೂ ತಿಳ್ಕೋಬೇಕು." ಹಗ್ಗ ಇಳಿಸುವ ದಿನ ಬೇರೆಯವರಿಗೆ ಮುಟ್ಟಗೊಡದೆ ತಾವೇ ನಿಂತರು. ಹೆಣಿಗೆಯನ್ನು ಕೆಳಗಿನ ನಿಲ್ದಾಣಕ್ಕೆ ತರಿಸಿ, ಕೆಂಪು ಗೆರೆಗಳನ್ನೆಲ್ಲ ಸೀಮೆಎಣ್ಣೆಯಿಂದ ಒರೆಸಿ, ನೆರೆದವರನ್ನು ಒಮ್ಮೆ ನೋಡಿ, "ಹುಡುಕಿ," ಎಂದರು. ಕಾರ್ಖಾನೆಯವನಿದ್ದ, ವ್ಯವಸ್ಥಾಪಕರಿದ್ದರು, ಆ ವಸತಿಗೃಹದ ಯಜಮಾನರೂ ಕೋಟಿನ ತೋಳು ಮಡಚಿಕೊಂಡು ಬಂದರು. ಯಾರಿಗೂ ಸಿಗಲಿಲ್ಲ. ಭಾವ ಕಣ್ಣು ಮುಚ್ಚಿ ಅಂಗೈ ಓಡಿಸಿ, ಅದು ನಿಂತ ಕಡೆಯಿಂದ ಸ್ವಲ್ಪ ಈಚೆ, ಹೆಣಿಗೆ ಕೆಡದಂತೆ, ಹಗ್ಗ ಕತ್ತರಿಸಿದರು. ಆಗ ಅವರ ಕೆನ್ನೆ ಒದ್ದೆಯಾಗಿತ್ತು. ಒರೆಸಿಕೊಳ್ಳಲು ಹತ್ತಿ ತೆಗೆದರು, ಅದರ ತುಂಬ ಗ್ರೀಸು, ಮುಖವೆಲ್ಲ ಕಪ್ಪಾಯಿತು, ಎಲ್ಲರೂ ನಕ್ಕರು, ಅವರೂ ನಕ್ಕರು.

ಅಕ್ಕ ಈಗ ಬಸ್‌ನಿಲ್ದಾಣದ ಎದುರು ಟೀ ಅಂಗಡಿ ಇಟ್ಟಿದ್ದಾಳೆ. ವ್ಯಾಪಾರ ಮೊದಲಿನ ಅರ್ಧದಷ್ಟೂ ಇಲ್ಲ. ಮೇಜು ಅದೇ, ರಟ್ಟಿಲ್ಲ. ಬೆಳಗ್ಗೆ ಅಂಗಡಿ ತೆರೆದೊಡನೆ ಭಾವ ಆ ಕೋಟಿನಲ್ಲಿ ಬಂದು, ಅಂಚಿನವರೆಗೆ ತುಂಬಿದ ಲೋಟವೊಂದನ್ನು ಮೇಜಿನ ಮೇಲಿಟ್ಟು, ಬಗ್ಗಿ ನೋಡಿ, ಆಮೇಲೆ ಅಕ್ಕನನ್ನು ಕೇಳುತ್ತಾರೆ: "ಇವತ್ತು ಮೇಜು ಹೇಗಿದೆ?" ಅಕ್ಕ ಹುಬ್ಬು ಗಂಟಿಕ್ಕಿ, ಬೇಸರ ನಟಿಸಿ, ಮೇಜಿನಿಂದ ಸುರುಮಾಡಿ ಹಾಲಿನವನವರೆಗೆ, ಮೊಣಕಾಲು ನೋವಿನಿಂದ ಹಿಡಿದು ನಿನ್ನೆ ಬಿದ್ದ ಕನಸಿನವರೆಗೆ ಎಲ್ಲವನ್ನೂ ವಿಸ್ತಾರವಾಗಿ ಹೇಳುತ್ತಾಳೆ.

ತಿಳಿಯುವ ಹಂಬಲವೆಂದರೆ ಏನನ್ನೋ ಗಳಿಸುವ ಹಂಬಲವೆಂದೇ ನಾನು ಬಹುಕಾಲ ಭಾವಿಸಿದ್ದೆ. ಭಾವನಂಥವರನ್ನು ಕಂಡ ಮೇಲೆ, ಅದರೊಳಗೆ ಇದ್ದದ್ದನ್ನು ಬಿಟ್ಟುಕೊಡುವ ಎದೆಗಾರಿಕೆಯೂ ಇರಬೇಕೆಂದು ಅರ್ಥವಾಗಿದೆ. ಇಂಥ ಜನ ತಮ್ಮ ಕೈಯನ್ನು ಅನುಮಾನಿಸಿಯಾರು, ಹಗ್ಗವನ್ನು ಅನುಮಾನಿಸಿಯಾರು, ಕಾಲಕೆಳಗಿನ ಬೆಟ್ಟವನ್ನು ಅನುಮಾನಿಸುವ ದಿನ ಬಂದಾಗ ಅದಕ್ಕೂ ಹಿಂಜರಿಯದೆ, ಸಿಕ್ಕ ಉತ್ತರ ತಮ್ಮ ಅನ್ನವನ್ನೇ ಕಸಿದರೂ ಉತ್ತರ ಸಿಕ್ಕಿತಲ್ಲ ಎಂದು ಒಂದು ಗಳಿಗೆ ನಕ್ಕಾರು. ಅವರಿಗೊಂದು ಕುಂದೂ ಉಂಟು, ಅದನ್ನು ಮುಚ್ಚಿಟ್ಟರೆ ಅಕ್ಕ ನನ್ನನ್ನು ಬಿಡುವುದಿಲ್ಲ: ಅವರು ಲೋಕವನ್ನೆಲ್ಲ ಕೇಳಿ ಮುಗಿಸಿದ ಮೇಲೆ ಕಟ್ಟಕಡೆಗೆ ಮನೆಯವಳನ್ನು ಕೇಳುತ್ತಾರೆ. ಆದರೆ ಒಮ್ಮೆ ಕೇಳಿದರೆಂದರೆ, ಟೀ ಆರಿ ತಣ್ಣಗಾದರೂ, ಅವಳ ಮಾತು ಪೂರ್ತಿ ಮುಗಿಯುವ ತನಕ ಎದ್ದುಹೋಗುವುದಿಲ್ಲ.